ತೆವೆನಾರರ ಮುಖ

ಪ್ಯಾರಿಸಿನಲ್ಲಿ ದೊಡ್ಡ ಮನುಷ್ಯರು ಸತ್ತರೆ ಪಾದ್ರಿಯ ಹಿಂದೆಯೇ ನನಗೂ ಕರೆ ಬರುತ್ತಿತ್ತು. ಹೆಣದ ಮುಖಕ್ಕೆ ಎಣ್ಣೆ ಸವರಿ, ಪ್ಲಾಸ್ಟರ್ ಮೆತ್ತಿ, ಅಚ್ಚು ತೆಗೆದು ಮುಖವಾಡ ಮಾಡುವುದು ನನ್ನ ಕಸುಬು. ಕವಿಗಳು, ಸೇನಾಪತಿಗಳು, ಮಂತ್ರಿಗಳು, ಬದುಕಿದ್ದಾಗ ನನ್ನತ್ತ ತಿರುಗಿಯೂ ನೋಡದವರು, ಕೊನೆಗೆ ನನ್ನ ಕೈಗೇ ಮುಖ ಒಪ್ಪಿಸಿದ್ದಾರೆ.

ತತ್ವಜ್ಞಾನಿ ತೆವೆನಾರರನ್ನು ಹೂಳುವ ದಿನ ನಾನು ದಾರಿಯಲ್ಲಿ ವೈನ್ ಅಂಗಡಿಗೆ ನುಗ್ಗಿದೆ. ಒಂದು ಲೋಟ ಮೂರಾಯಿತು. ಅವರ ಮನೆ ಮುಟ್ಟುವಷ್ಟರಲ್ಲಿ ಶವಪೆಟ್ಟಿಗೆಯವರು ಮೆಟ್ಟಿಲ ಮೇಲೆ ಗೊಣಗುತ್ತ ನಿಂತಿದ್ದರು. ಆತುರದಲ್ಲಿ ಗಡ್ಡಕ್ಕೆ ಎಣ್ಣೆ ಹಚ್ಚುವುದನ್ನೇ ಮರೆತೆ. ಪ್ಲಾಸ್ಟರ್ ಗಡ್ಡವನ್ನು ಕಚ್ಚಿ ಹಿಡಿಯಿತು. ಎಳೆದಾಗ ಅಚ್ಚು ಚೂರುಚೂರಾಯಿತು. ಚೂರುಗಳನ್ನು ಚೀಲಕ್ಕೆ ತುರುಕಿ, ಗಡ್ಡ ಬಾಚಿ, ಚೆನ್ನಾಗಿ ಬಂದಿದೆ ಎಂದು ಸುಳ್ಳು ಹೇಳಿ ಹೊರಬಿದ್ದೆ. ಹಿಂದೆಯೇ ಪೆಟ್ಟಿಗೆಗೆ ಮೊಳೆ ಹೊಡೆಯುವ ಸದ್ದು ಕೇಳಿಸಿತು.

ನನ್ನ ಗೋಡೆಯ ಮೇಲೆ ಅಪ್ಪನ ಮುಖವಾಡವಿತ್ತು. ಪೀಪಾಯಿ ಹೊತ್ತು ಬದುಕಿದ, ಹೆಸರು ಬರೆಯಲೂ ಬಾರದ ಮನುಷ್ಯ. ಅವನಿಗೂ ಗಡ್ಡವಿತ್ತು. ಆ ಮುಖವಾಡದ್ದೇ ಪ್ರತಿ ತೆಗೆದು, ತೆವೆನಾರರದೆಂದು ಹೇಳಿ, ಕೆಲಸ ಒಪ್ಪಿಸಿದ್ದ ವಿದ್ವಾಂಸರ ಸಭೆಗೆ ಕೊಟ್ಟೆ.

"ಆ ಹಣೆ ನೋಡ್ರೀ! ಇಡೀ ಫ್ರಾನ್ಸಿನ ಬುದ್ಧಿ ಅಲ್ಲೇ ಕೂತಿದೆ" ಎಂದರು ಸಭೆಯ ಅಧ್ಯಕ್ಷರು. ಇಪ್ಪತ್ತು ವರ್ಷ ತೆವೆನಾರರ ಪಕ್ಕ ಕೂತವರು! ನನಗೆ ಒಳಗೊಳಗೇ ನಗು ಬಂತು, ಸುಳ್ಳೇಕೆ ಹೇಳಲಿ.

ಆಮೇಲೆ ತೆವೆನಾರರ ಹೆಂಡತಿ ಮದಾಮ್ ಯುಲಾಲಿ ಬಂದರು. ಹತ್ತು ವರ್ಷದಿಂದ ಆಕೆಗೆ ಕಣ್ಣಿಲ್ಲ. ಗಂಡನನ್ನು ಬೆರಳಿನಿಂದಲೇ ಬಲ್ಲವರು. ಹಣೆ ಮುಟ್ಟಿದರು, ಮೂಗು ಮುಟ್ಟಿದರು, ತುಟಿಯ ಹತ್ತಿರ ಕೈ ತಡೆದು ನಿಂತಿತು.

"ಇದು ಅವರಲ್ಲ" ಎಂದರು.



"ಅಯ್ಯೋ ಮದಾಮ್, ಸತ್ತ ಮೇಲೆ ಮುಖ ಇಳಿಯುತ್ತೆ. ನಾವೆಲ್ಲ ಕಣ್ಣಾರೆ ನೋಡ್ತಿದೀವಲ್ಲ!" ಎಂದರು ಅಧ್ಯಕ್ಷರು.

ಆಕೆ ನನ್ನ ಕಡೆ ತಿರುಗಿದರು. "ಅಚ್ಚು ತೆಗೆದೋನು ನೀನು. ನೀನೇ ಹೇಳಪ್ಪ, ಇವರು ಅವರೇನಾ?"

ನಿಜ ಹೇಳಿದ್ದರೆ ಕಸುಬು ಹೋಗುತ್ತಿತ್ತು, ಅಷ್ಟೇ. "ಅವರೇ, ಮದಾಮ್" ಎಂದೆ.

"ಹಾಗಾದ್ರೆ ನಾನೇ ಮರೆತಿದೀನಿ. ಎರಡೇ ವಾರಕ್ಕೆ! ನಲವತ್ತು ವರ್ಷ ಬಾಳಿ, ನಾನೆಂಥ ಹೆಂಡ್ತಿ?"

ಆಕೆ ತನಗೂ ಒಂದು ಪ್ರತಿ ಬೇಕೆಂದರು. ನಾನೇ ಒಯ್ದು ಕೊಟ್ಟೆ.

ಆ ಚಳಿಗಾಲವೆಲ್ಲ ಆಕೆಯ ಪ್ರಶ್ನೆ ನನ್ನನ್ನು ಕೊರೆಯಿತು. ಕಸುಬು ಹಾಳಾಗಿ ಹೋಗಲಿ ಎಂದು ವಸಂತದ ಒಂದು ಭಾನುವಾರ ಗಟ್ಟಿ ಮನಸ್ಸು ಮಾಡಿ ಹೋದೆ. ಆಕೆ ಕಿಟಕಿಯ ಬಳಿ ಮುಖವಾಡವನ್ನು ತೊಡೆಯ ಮೇಲಿಟ್ಟುಕೊಂಡು ಕೂತಿದ್ದರು. ನನ್ನ ದನಿ ಕೇಳಿದ್ದೇ ಮುಖ ಅರಳಿತು.

"ಬಾರಪ್ಪ, ನಿನಗೇ ಹೇಳ್ಬೇಕಿತ್ತು. ದಿನಾ ಮುಟ್ಟಿ ಮುಟ್ಟಿ ಕೊನೆಗೂ ನೆನಪಾಯ್ತು. ಮೊನ್ನೆ ಕನಸಲ್ಲಿ ಬಂದಿದ್ರು ಕಣಪ್ಪ. ಇದೇ ಹಣೆ, ಇದೇ ತುಟಿ. ನನ್ನ ಹೆಸರು ಹಿಡಿದು ಕರೆದ್ರು."

ಅವರು ನನ್ನ ಅಪ್ಪನ ಕೆನ್ನೆ ಸವರುತ್ತಲೇ ಇದ್ದರು. ಈಗ ನಿಜ ಹೇಳಿದರೆ, ಅವರಿಗೆ ಗಂಡನ ಮುಖವನ್ನು ಎಲ್ಲಿಂದ ತಂದುಕೊಡಲಿ?

"ಒಳ್ಳೇದಾಯ್ತು, ಮದಾಮ್" ಎಂದೆ.