ನಾಲ್ಕನೆಯ ಹೆಗಲು

ಅಂಗಿಯ ಬೆನ್ನನ್ನು ಕತ್ತರಿಯಿಂದ ಸೀಳದೆ ಬೇರೆ ದಾರಿಯಿರಲಿಲ್ಲ. ತಿಪ್ಪೇಸ್ವಾಮಿಯವರ ತೋಳುಗಳು ಸೆಟೆದುಕೊಂಡಿದ್ದವು. ಗಂಜಿ ಹಾಕಿ ಇಸ್ತ್ರಿ ಮಾಡಿದ ಖಾದಿ ಅಂಗಿಯೂ ಅಷ್ಟೇ ಹಟಮಾರಿಯಾಗಿತ್ತು. ಅಳಿಯ ಚಂದನ್ ಕತ್ತರಿ ಹಿಡಿದು ಅತ್ತೆಯ ಮುಖ ನೋಡಿದ.

"ಕತ್ತರಿಸಪ್ಪ," ಎಂದರು ಸುಶೀಲಾ. "ಬೆನ್ನು ಯಾರಿಗೂ ಕಾಣಲ್ಲ. ಮುಂದೆ ನೆಟ್ಟಗಿದ್ರೆ ಸಾಕು."

ಮನೆಯಲ್ಲಿ ಹಾಕಿಕೊಳ್ಳುತ್ತಿದ್ದ ಟೀ ಶರ್ಟೇ ಇರಲಿ ಎಂದು ಮಗಳು ಧಾರಿಣಿ ಹೇಳಿ ನೋಡಿದ್ದಳು. ಸುಶೀಲಾ ಒಪ್ಪಿರಲಿಲ್ಲ. ಹದಿನಾಲ್ಕೇ ತಿಂಗಳಾದರೂ ಶಾಸಕರಾಗಿದ್ದ ಮನುಷ್ಯ. ಕಣಿವೆಹಟ್ಟಿ ಕ್ಷೇತ್ರದಲ್ಲಿ ನಲವತ್ತೊಂದು ಸಾವಿರ ಜನ ಅವರ ಹೆಸರಿನ ಮುಂದೆ ಗುಂಡಿ ಒತ್ತಿದ್ದರು. ಅಂಥವರು ನೋಯ್ಡಾದ ಹದಿನಾಲ್ಕನೆಯ ಮಹಡಿಯಿಂದ ಟೀ ಶರ್ಟಿನಲ್ಲಿ ಹೊರಡುವುದೆಂದರೇನು?

ನಿನ್ನೆ ಸಂಜೆ ಸೊಸೈಟಿಯ ಪಾರ್ಕಿನ ಬೆಂಚಿನ ಮೇಲೆ ಕೂತವರು ಕೂತಂತೆಯೇ ಹೋಗಿಬಿಟ್ಟಿದ್ದರು. ಪುಣ್ಯವಂತರ ಸಾವು ಎಂದು ಬಂದವರೆಲ್ಲ ಹೇಳಿದರು. ಸುಶೀಲಾಗೆ ಇನ್ನೂ ಅಳು ಬಂದಿರಲಿಲ್ಲ. ಬೆಳಗಿನಿಂದ ಊರಿಗೆ ಒಂದರ ಹಿಂದೊಂದು ಫೋನು ಮಾಡಿದ್ದೇ ಮಾಡಿದ್ದು. "ಛೆ ಛೆ, ಯಾವಾಗ?" ಎಂದು ಕೇಳಿದವರೇ ಎಲ್ಲ, ಬರುತ್ತೇವೆ ಎಂದವರು ಒಬ್ಬರೂ ಇಲ್ಲ. ಹಳೆಯ ಪಕ್ಷದವರು ಹೊಸ ಪಕ್ಷದವರನ್ನು ಕೇಳಿ ಎಂದರು. ಹೊಸ ಪಕ್ಷದವರು ಅಧ್ಯಕ್ಷರು ಮೀಟಿಂಗಿನಲ್ಲಿದ್ದಾರೆ ಎಂದರು. ಎರಡು ದೋಣಿಯ ಮೇಲೆ ಕಾಲಿಟ್ಟವರ ಪಾಡು ಸತ್ತ ಮೇಲೂ ತಪ್ಪುವುದಿಲ್ಲ.

"ಅಮ್ಮ, ಸ್ಮಶಾನದಲ್ಲಿ ಮೂರು ಗಂಟೆಗೆ ಸ್ಲಾಟ್ ಸಿಕ್ಕಿರೋದು," ಎಂದಳು ಧಾರಿಣಿ. "ಇನ್ನು ಯಾರು ಬರ್ತಾರೆ ಅಂತ ಕಾಯೋದು?"

"ಊರಿನೋರು ಒಬ್ಬರಾದ್ರೂ ಬರ್ಲಿ ಕಣೆ. ಒಬ್ಬರು ಸಾಕು. ನಿಮ್ಮಪ್ಪನ್ನ ದಿಕ್ಕಿಲ್ಲದೋರ ಥರ ಕಳಿಸ್ಬೇಡ."

ಧಾರಿಣಿ ಒಬ್ಬಳೇ ಮಗಳು, ಮಡಕೆ ಹಿಡಿದು ಮುಂದೆ ನಡೆಯುವ ಕೊನೆಯ ಕೆಲಸವನ್ನು ತಾನೇ ಮಾಡುವುದೆಂದು ರಾತ್ರಿಯೇ ನಿಶ್ಚಯಿಸಿದ್ದಳು. ಅವಳಿಗೆ ಈಗ ಬೇರೆಯದೇ ಚಿಂತೆ. ಶವವಾಹನ ಎತ್ತರದ್ದು, ಗೇಟಿನ ಕಮಾನು ತಗ್ಗಿನದು. "ಅಂದರ್ ನಹೀಂ ಆಯೇಗಿ ಮೇಡಂ," ಎಂದು ಕಾವಲುಗಾರ ಕೈ ಆಡಿಸಿದ್ದ. ಕಟ್ಟಡದಿಂದ ಗೇಟಿನವರೆಗೆ ಹೊತ್ತೇ ಸಾಗಿಸಬೇಕು. ಚಂದನ್ ಒಬ್ಬ. ಪಕ್ಕದ ಟವರಿನಲ್ಲಿ ಬಾಡಿಗೆಗಿದ್ದ ಕನ್ನಡದ ಹುಡುಗರು ಅಭಿಷೇಕ್ ಮತ್ತು ಪವನ್, ಆಫೀಸಿಗೆ ಅರ್ಧ ದಿನ ರಜೆ ಹಾಕಿ ಬಂದಿದ್ದರು. ಎದುರು ಮನೆಯ ಶರ್ಮಾಜಿಗೆ ಹೃದಯದ ಆಪರೇಷನ್ ಆಗಿ ತಿಂಗಳಾಗಿತ್ತಷ್ಟೆ. ಮನುಷ್ಯ ಏನಿಲ್ಲದಿದ್ದರೂ ಹೊರಲು ನಾಲ್ಕು ಜನರನ್ನು ಸಂಪಾದಿಸಿರಬೇಕು ಅನ್ನುತ್ತಾರೆ. ನಲವತ್ತೊಂದು ಸಾವಿರ ಮಂದಿಯನ್ನು ಸಂಪಾದಿಸಿದ್ದವರಿಗೆ ಒಂದು ಹೆಗಲು ಕಡಿಮೆ ಬಿದ್ದಿತ್ತು.

ಆಗ ಮೊಮ್ಮಗಳು ಇಂಚರಾ ಓಡಿ ಬಂದಳು. "ಅಜ್ಜಿ, ಕೆಳಗೆ ಏಕ್ ಅಂಕಲ್ ಆಯೇ ಹೈಂ. ಕನ್ನಡ ಮಾತಾಡ್ತಾರೆ. ಕಣಿವೆಹಟ್ಟಿ ಅಂದ್ರು!"

ಸುಶೀಲಾ ಸೆರಗು ಸರಿಮಾಡಿಕೊಂಡು ಎದ್ದೇಬಿಟ್ಟರು. ಬಂದರಲ್ಲ, ಒಬ್ಬರಾದರೂ ಬಂದರಲ್ಲ! ಸಾಮಾನು ಸಾಗಿಸುವ ಲಿಫ್ಟಿನಲ್ಲಿ ಗಂಡನ ದೇಹದ ಪಕ್ಕ ನಿಂತು ಕೆಳಗಿಳಿಯುವಾಗ ಯಾರಿರಬಹುದು ಎಂದು ಹೆಸರುಗಳನ್ನು ನೆನೆದರು. ಬಾಗಿಲು ತೆರೆಯಿತು. ಐವತ್ತರ ಆಸುಪಾಸಿನ ಗಂಡಸು, ಕೈಯಲ್ಲಿ ಚೆಂಡು ಹೂವಿನ ಹಾರ. ಈಗ ತಲೆ ತುಂಬ ಕೂದಲಿತ್ತು. ಆದರೂ ಆ ಮುಖವನ್ನು ಅವರು ಎಲ್ಲಿ ಕಂಡರೂ ಗುರುತಿಸುತ್ತಿದ್ದರು.

"ನಾನು ಚಂದ್ರಪ್ಪ, ಅಮ್ಮಾವ್ರೆ. ಬಸ್ ಸ್ಟ್ಯಾಂಡ್ ಹತ್ರ ಇಡ್ಲಿ ಗಾಡಿ..."

"ಗೊತ್ತು," ಎಂದರು ಸುಶೀಲಾ. ಅವನ ಹಾರಕ್ಕೆ ಕೈ ಚಾಚಲಿಲ್ಲ.

*

ಏಳು ವರ್ಷದ ಹಿಂದಿನ ಮಾತು. ಸರ್ಕಾರ ಇವತ್ತೋ ನಾಳೆಯೋ ಎಂಬಂತಿತ್ತು. ಒಂದು ಬೆಳಿಗ್ಗೆ ಹದಿಮೂರು ಶಾಸಕರನ್ನು ವಿಮಾನ ಹತ್ತಿಸಿ ಗುರುಗ್ರಾಮದ ರೆಸಾರ್ಟಿನಲ್ಲಿ ಇಟ್ಟರು. ಫೋನುಗಳನ್ನು ಬಾಗಿಲಲ್ಲೇ ಕಿತ್ತುಕೊಂಡರು. ಅವರಲ್ಲಿ ತಿಪ್ಪೇಸ್ವಾಮಿಯವರೂ ಒಬ್ಬರೆಂದು ಹೆಂಡತಿಗೆ ಗೊತ್ತಾದದ್ದು ಟಿವಿಯಲ್ಲಿ.

ಮೂರನೆಯ ದಿನ ಕಣಿವೆಹಟ್ಟಿಯಲ್ಲಿ ಅವರ ಅಣಕು ಶವಯಾತ್ರೆ ಹೊರಟಿತು. ಹುಲ್ಲಿನ ಬೊಂಬೆಗೆ ಖಾದಿ ಅಂಗಿ ತೊಡಿಸಿ, ಮುಖಕ್ಕೆ ಚುನಾವಣೆಯ ಪೋಸ್ಟರ್ ಅಂಟಿಸಿ, ಚಟ್ಟಕ್ಕೆ ಕಟ್ಟಿದ್ದರು. ತಮಟೆ, ಸೀಟಿ, ಮಂಡಕ್ಕಿ ಎರಚಾಟ. ಎಲ್ಲರ ಮುಂದೆ ಚಂದ್ರಪ್ಪ, ನಿಜವಾಗಿಯೂ ತಲೆ ಬೋಳಿಸಿಕೊಂಡು, ಒದ್ದೆ ಪಂಚೆಯುಟ್ಟು, ಹೊಗೆಯಾಡುವ ಮಡಕೆ ಹಿಡಿದಿದ್ದ. ಮೆರವಣಿಗೆ ಶಾಸಕರ ಮನೆಯ ಗೇಟಿನ ಮುಂದೆಯೇ ಚಟ್ಟ ಇಳಿಸಿತು.

"ಬಾರಮ್ಮ ಸುಶೀಲಮ್ಮ, ಬಳೆ ಒಡ್ಕೊ ಬಾ!" ಎಂದು ಯಾರೋ ಹೆಂಗಸು ಕೂಗಿದಳು. ಜನ ಹೋ ಎಂದು ನಕ್ಕರು.

ಕಿಟಕಿಯ ಹಿಂದೆ ನಿಂತಿದ್ದ ಸುಶೀಲಾ ಎರಡೂ ಕೈಗಳ ಬಳೆಗಳನ್ನು ಎದೆಗೆ ಒತ್ತಿಕೊಂಡಿದ್ದರು. ನಗುವವರನ್ನು ಹೇಗೋ ಸಹಿಸಿದರು. ಸಹಿಸಲಾಗದ್ದು ಚಂದ್ರಪ್ಪನನ್ನು. ಅವನು ಮಡಕೆ ಕೆಳಗಿಟ್ಟು, ಗೇಟಿಗೆ ತಲೆ ಆನಿಸಿ, "ನಮ್ಮನ್ನ ಬಿಟ್ಟು ಹೋದ್ಯಲ್ಲಪ್ಪೋ!" ಎಂದು ಎದೆ ಬಡಿದುಕೊಂಡು ಅಳುತ್ತಿದ್ದ. ಏನು ನಟನೆ! ಕಣ್ಣಲ್ಲಿ ಅಷ್ಟು ನೀರು ಎಲ್ಲಿಂದ ತಂದನೋ ಪಾಪಿ. ಬದುಕಿರುವ ಗಂಡನಿಗೆ ಹೆಂಡತಿಯ ಕಣ್ಣೆದುರೇ ಅತ್ತವನನ್ನು ಏಳು ಜನ್ಮಕ್ಕೂ ಕ್ಷಮಿಸುವುದಿಲ್ಲ ಎಂದು ಅವರು ಅಂದೇ ತೀರ್ಮಾನಿಸಿದರು.

ಸಂಜೆ ಯಾರದೋ ಫೋನಿನಿಂದ ಗಂಡ ಮಾತಾಡಿದರು. "ಟಿವೀಲಿ ನೋಡ್ದೆ ಕಣೆ. ಬದುಕಿರೋರಿಗೆ ಚಟ್ಟ ಕಟ್ಟಿದ್ರೆ ಆಯುಸ್ಸು ಗಟ್ಟಿಯಾಗುತ್ತಂತೆ ಬಿಡು," ಎಂದು ನಕ್ಕರು. ಆ ನಗು ಅರ್ಧಕ್ಕೇ ನಿಂತಿತು. "ಮಡಕೆ ಹಿಡಿದಿದ್ದೋನು ನಮ್ಮ ಚಂದ್ರಪ್ಪ ಅಲ್ವಾ?"

ಯಾಕೆ ಹೋದಿರಿ ಎಂದು ಸುಶೀಲಾ ಕೇಳಲಿಲ್ಲ, ಅವರೂ ಹೇಳಲಿಲ್ಲ. ರಾಜೀನಾಮೆ ಕೊಟ್ಟರು, ಹೊಸ ಪಕ್ಷದಿಂದ ಉಪಚುನಾವಣೆಗೆ ನಿಂತರು, ಮೂರನೆಯವರಾಗಿ ಸೋತರು. ಜೀವನದಲ್ಲಿ ಎರಡೇ ಸಲ ಚುನಾವಣೆಗೆ ನಿಂತವರು: ಒಂದು ಗೆಲುವು, ಒಂದು ಸೋಲು. ಆಮೇಲೆ ಅವರು ರಸ್ತೆಯಲ್ಲಿ ನಡೆದರೆ ಅಂಗಡಿಯವರು ತಕ್ಕಡಿ ನೋಡುತ್ತಿದ್ದರು. ಹತ್ತು ದಿನಕ್ಕೆಂದು ಮಗಳ ಮನೆಗೆ ಬಂದವರು ವಾಪಸ್ ಹೋಗಲೇ ಇಲ್ಲ. ಇಲ್ಲಿ ಅಂಕಲ್‌ಜಿ ಆದರು. ಪಾರ್ಕಿನಲ್ಲಿ ಬೆಂಚು ಹಾಕಿಸಲು ಸೊಸೈಟಿಗೆ ಮೂರು ಪುಟದ ಮನವಿ ಬರೆದು ಹಾಕಿಸಿಯೂ ಬಿಟ್ಟರು. ಪ್ರತಿ ವರ್ಷ ಪರೀಕ್ಷೆಯ ಫಲಿತಾಂಶದ ದಿನ ಮೊಮ್ಮಗಳ ಮೊಬೈಲಿನಲ್ಲಿ ಕಣಿವೆಹಟ್ಟಿಯ ಹೆಣ್ಣುಮಕ್ಕಳ ಕಾಲೇಜಿನಲ್ಲಿ ಎಷ್ಟು ಜನ ಪಾಸಾದರು ಎಂದು ಹುಡುಕಿಸುತ್ತಿದ್ದರು. ಆ ಕಾಲೇಜು ಅವರು ಮಂಜೂರು ಮಾಡಿಸಿದ್ದು. ಉದ್ಘಾಟನೆಯ ಕಲ್ಲಿನಲ್ಲಿ ಮಾತ್ರ ಮುಂದೆ ಬಂದ ಶಾಸಕರ ಹೆಸರಿತ್ತು.

*

"ಯಾಕ್ ಬಂದೆ?" ಎಂದರು ಸುಶೀಲಾ. "ಅವತ್ತು ಚಟ್ಟ ಕಟ್ಟಿದ್ದು ಸಾಲಲಿಲ್ವಾ?"

"ಅಮ್ಮ!" ಎಂದಳು ಧಾರಿಣಿ.

ಚಂದ್ರಪ್ಪ ತಲೆ ಎತ್ತಲಿಲ್ಲ. "ಬೈರಿ ಅಮ್ಮಾವ್ರೆ. ಬೈಸ್ಕೊಳೋಕೇ ಬಂದಿದ್ದೀನಿ. ಬೆಳಿಗ್ಗೆ ಊರಿಂದ ಫೋನ್ ಮಾಡಿ ಹೇಳಿದ್ರು. ಕರೋಲ್ ಬಾಗಲ್ಲಿ ಒಂದು ಹೋಟ್ಲಲ್ಲಿ ಅಡಿಗೆ ಮಾಡ್ತೀನಿ, ಮೂರು ವರ್ಷ ಆಯ್ತು. ಸಾಹೇಬ್ರು ಇಲ್ಲಿದ್ದಾರೆ ಅಂತ ಗೊತ್ತಿತ್ತು. ಮೆಟ್ರೊ ಹತ್ತಿದ್ರೆ ಒಂದು ಗಂಟೆ ದಾರಿ. ಎರಡು ಸಲ ಈ ಗೇಟ್‌ತಂಕ ಬಂದು ವಾಪಸ್ ಹೋದೆ. ಏನಂತ ಮುಖ ತೋರಿಸ್ಲಿ?"

"ಅಷ್ಟು ಚೆನ್ನಾಗಿ ಅಳೋಕೆ ಬರುತ್ತಲ್ಲ ನಿಂಗೆ. ಬಂದು ಅಳಬೇಕಿತ್ತು."

"ಅದು ನಾಟಕ ಅಲ್ಲ ಅಮ್ಮಾವ್ರೆ." ಅವನ ಧ್ವನಿ ಸಣ್ಣದಾಯಿತು. "ಹೊರಟಾಗ ನಂಗೂ ನಗುನೇ ಇತ್ತು. ಸಿಟ್ಟಿತ್ತು, ಮಜಾನೂ ಇತ್ತು. ನಿಮ್ಮ ಗೇಟ್ ಹತ್ರ ಬಂದಾಗ ನೆನಪಾಯ್ತು ನೋಡಿ. ಗೆದ್ದ ದಿನ ಸಾಹೇಬ್ರನ್ನ ಹೆಗಲ ಮೇಲೆ ಕೂರಿಸ್ಕೊಂಡು ಬಂದು ಇಳಿಸಿದ್ದು ಅಲ್ಲೇ. ನಮ್ಮೋರು ಹೋಗೇಬಿಟ್ರು ಅನ್ನಿಸ್ತು. ತಡ್ಕೊಳೋಕೆ ಆಗ್ಲಿಲ್ಲ."

ಸುಶೀಲಾ ಗಂಡನ ಮುಖ ನೋಡಿದರು. ಊರಿಗೆ ಮುಖ ತೋರಿಸಲಾರದೆ ಇಲ್ಲಿ ಬಂದು ಕೂತವರು ಇವರು. ಇವರಿಗೆ ಮುಖ ತೋರಿಸಲಾರದೆ ಗೇಟಿನಿಂದ ತಿರುಗಿದವನು ಅವನು. ಪಾರ್ಕಿನ ಆ ಬೆಂಚು ಗೇಟಿನಿಂದ ಐವತ್ತು ಹೆಜ್ಜೆಯೂ ಇಲ್ಲ. ನಂಬಬೇಕೋ ಬೇಡವೋ ತಿಳಿಯದೆ ಅವರಿಗೆ ಸಂಕಟವಾಯಿತು.

"ಅತ್ತೆ, ಹೊತ್ತಾಗ್ತಿದೆ," ಎಂದ ಚಂದನ್ ಮೆಲ್ಲಗೆ. "ಇನ್ನೊಬ್ಬರು ಬೇಕೇ ಬೇಕು."

ಸುಶೀಲಾ ಚಂದ್ರಪ್ಪನ ಕೈಯಿಂದ ಹಾರವನ್ನು ತೆಗೆದುಕೊಂಡು ತಾವೇ ಗಂಡನ ಎದೆಯ ಮೇಲಿಟ್ಟರು. ಆಮೇಲೆ ಪಕ್ಕಕ್ಕೆ ಸರಿದು ಜಾಗ ಬಿಟ್ಟರು. ಚಂದ್ರಪ್ಪ ಚಪ್ಪಲಿ ಕಳಚಿ ಮುಂದಿನ ಎಡಬದಿಗೆ ಹೆಗಲು ಕೊಟ್ಟ. ಶರ್ಮಾಜಿ ಹಿಂದಿನಿಂದ "ರಾಮ್ ನಾಮ್ ಸತ್ಯ ಹೈ" ಎಂದರು. ತಮಟೆಯಿಲ್ಲ, ಮಂಡಕ್ಕಿಯಿಲ್ಲ, ಡೆಲಿವರಿ ಹುಡುಗನೊಬ್ಬ ಬೈಕು ನಿಲ್ಲಿಸಿ ಹೆಲ್ಮೆಟ್ ತೆಗೆದ.

*

ಸ್ಮಶಾನದ ಕಚೇರಿಯ ಗುಮಾಸ್ತ ದೊಡ್ಡ ರಿಜಿಸ್ಟರ್ ಬಿಚ್ಚಿಕೊಂಡು ಕೂತಿದ್ದ. ಧಾರಿಣಿ ಆಧಾರ್ ಕಾರ್ಡ್ ಕೊಟ್ಟಳು. ಹೆಸರು, ವಯಸ್ಸು, ವಿಳಾಸ ಎಲ್ಲವನ್ನೂ ಬರೆದುಕೊಂಡ.

"ಕ್ಯಾ ಕರ್ತೇ ಥೇ?" ಎಂದು ಉದ್ಯೋಗದ ಖಾನೆಗೆ ಬಂದ.

"ರಿಟೈರ್ಡ್," ಎಂದಳು ಧಾರಿಣಿ. ಪಕ್ಕದಲ್ಲಿ ಕೂತಿದ್ದ ಸುಶೀಲಾ ಮಗಳ ಕಡೆ ನೋಡಿದರು. ಯಾವುದರಿಂದ ರಿಟೈರ್ಡ್ ಎಂದು ಅವನೂ ಕೇಳಲಿಲ್ಲ.

ಸಾಕ್ಷಿಗೆ ಇಬ್ಬರ ಸಹಿ ಬೇಕಿತ್ತು. ಚಂದನ್ ಅಳಿಯನೆಂದು ಬರೆಸಿ ರುಜು ಹಾಕಿದ. ಹುಡುಗರಿಬ್ಬರೂ ಒಳಗೆ ದೇಹದ ಬಳಿ ನಿಂತಿದ್ದರು. ಚಂದ್ರಪ್ಪ ಜೇಬಿನಿಂದ ತನ್ನ ಆಧಾರ್ ತೆಗೆದು ಮೇಜಿನ ಮೇಲಿಟ್ಟ.

"ಆಪ್‌ಕಾ ರಿಶ್ತಾ?" ಎಂದು ಗುಮಾಸ್ತ ಸಂಬಂಧ ಕೇಳಿದ.

ಚಂದ್ರಪ್ಪ "ವೋಟರ್," ಎಂದ.

"ವೋಟರ್?" ಗುಮಾಸ್ತ ಪೆನ್ನು ಎತ್ತಿದ. "ಯೇ ಕೋಯೀ ರಿಶ್ತಾ ಹೈ? ಭಾಯಿ, ಭತೀಜಾ, ಪಡೋಸಿ, ಕುಛ್ ತೋ ಬೋಲೋ."

ಚಂದ್ರಪ್ಪ ತನ್ನ ಹರಕು ಹಿಂದಿಯಲ್ಲೇ ಹಟ ಹಿಡಿದ. "ಹಮಾರೇ ಎಮ್ಮೆಲ್ಲೆ ಥೇ, ಸಾಬ್. ಮೈಂ ವೋಟರ್. ಇನ್‌ಕೋ ದೋ ಬಾರ್ ವೋಟ್ ದಿಯಾ."

ಸುಶೀಲಾ ತಿರುಗಿ ನೋಡಿದರು. ಅವನು ಏನು ಹೇಳಿದನೆಂದು ತಿಳಿಯಲು ಅವರಿಗೆ ಒಂದು ಗಳಿಗೆ ಹಿಡಿಯಿತು.

"ಎರಡು ಸಲಾನಾ?" ಎಂದರು. "ಎರಡನೇ ಸಲಾನೂ ಹಾಕಿದ್ಯಾ ಚಂದ್ರಪ್ಪ? ಅಷ್ಟೆಲ್ಲ ಆದ್ಮೇಲೂ?"

ಅವನು ನೆಲ ನೋಡುತ್ತ ಹೂಂಗುಟ್ಟಿದ. "ಯಾರಿಗೂ ಹೇಳಿಲ್ಲ ಅಮ್ಮಾವ್ರೆ. ಮನೇಲೂ ಹೇಳಿಲ್ಲ."

ನಿನ್ನೆ ಸಂಜೆಯಿಂದ ಎಲ್ಲೋ ಕಟ್ಟಿಕೊಂಡಿದ್ದ ಅಳು ಆಗ ನುಗ್ಗಿ ಬಂತು. ಸುಶೀಲಾ ಸೆರಗನ್ನು ಬಾಯಿಗೆ ಒತ್ತಿಕೊಳ್ಳಲೂ ಇಲ್ಲ. ಊರಿನ ಹೆಂಗಸರು ಅಳುವ ಹಾಗೆ ದೊಡ್ಡ ದನಿ ತೆಗೆದು ಅತ್ತರು. ಸಾಲಿನಲ್ಲಿ ಕಾಯುತ್ತಿದ್ದವರು ತಿರುಗಿ ನೋಡಿದರು. ಇಂಚರಾ ಹೆದರಿ ಅಜ್ಜಿಯ ತೋಳು ಹಿಡಿದುಕೊಂಡಳು. ಅತ್ತು ಅತ್ತು ಉಸಿರು ಸಿಕ್ಕ ಮೇಲೆ ಅವರು ಮೇಜಿನ ಮೇಲೆ ಕೈಯಿಟ್ಟು ಗುಮಾಸ್ತನಿಗೆ ಹೇಳಿದರು.

"ಹಂಗೇ ಬರ್ಕೊಳಪ್ಪ. ಅವನು ಹೇಳಿದ ಹಂಗೇ ಬರ್ಕೊ."

ಗುಮಾಸ್ತನಿಗೆ ಕನ್ನಡ ಬರುತ್ತಿರಲಿಲ್ಲ. ಆಕೆಯ ಮುಖವನ್ನೊಮ್ಮೆ, ತಲೆ ತಗ್ಗಿಸಿ ಬರಿಗಾಲಲ್ಲಿ ನಿಂತವನನ್ನೊಮ್ಮೆ ನೋಡಿ, ರಿಜಿಸ್ಟರನ್ನು ಹತ್ತಿರ ಎಳೆದುಕೊಂಡು, ಸಂಬಂಧ ಎಂಬ ಖಾನೆಯಲ್ಲಿ ನಿಧಾನವಾಗಿ ಬರೆಯತೊಡಗಿದ.