ಉಪ್ಪು ಹಚ್ಚಿದ ಗ್ಲಾಸು

ರಾಚಪ್ಪ ಹದಿನಾರು ವರ್ಷ ಗೋವಾದ ಹೋಟೆಲೊಂದರ ಬಾರಿನಲ್ಲಿ ಕಂಡಕಂಡವರಿಗೆಲ್ಲ ಕುಡಿಸಿದ; ತಾನು ಮಾತ್ರ ಒಂದು ಹನಿ ಮುಟ್ಟಲಿಲ್ಲ. ಕೆಲಸಕ್ಕೆ ಹೊರಟ ದಿನ ತಾಯಿ ಶೇವಂತೆವ್ವ ಬಾಗಿಲಿಗೆ ಅಡ್ಡ ನಿಂತು, ಕೊರಳ ಲಿಂಗವನ್ನು ಅಂಗೈಯಲ್ಲಿ ಹಿಡಿಸಿ, ಕುಡಿಯುವುದಿಲ್ಲವೆಂದು ಆಣೆ ಮಾಡಿಸಿಯೇ ದಾರಿ ಬಿಟ್ಟಿದ್ದಳು. ತನ್ನೂರು ಇಂಡಿಯಲ್ಲಿ ಇದನ್ನು ಹೇಳಿದರೆ ಜನ ನಗುತ್ತಿದ್ದರು. ಪೇಡೆ ಮಾರುವವನು ಪೇಡೆ ತಿನ್ನದೆ ಇರುತ್ತಾನೆಯೇ ಎನ್ನುತ್ತಿದ್ದರು. ಹೆಂಡತಿ ಗುರವ್ವ ಮಾತ್ರ ನಂಬಿದ್ದಳು. ಅದು ಅವಳ ಹೆಮ್ಮೆಯೂ ಆಗಿತ್ತು.

ಈಗ ಅವನ ಹೊಟ್ಟೆಯಲ್ಲಿ ಗಡ್ಡೆ ಬೆಳೆದಿತ್ತು. ಸೊಲ್ಲಾಪುರದ ಡಾಕ್ಟರು, "ಮನಿಗೆ ಕರಕೊಂಡು ಹೋಗ್ರಿ, ಬೇಡಿದ್ದು ಕೊಡ್ರಿ" ಎಂದು ಕೈಚೆಲ್ಲಿದ್ದರು. ಎರಡು ಚಮಚ ಗಂಜಿ ಇಳಿದರೆ ಅದೇ ದೊಡ್ಡದು. ಅಂಥವನು ಒಂದು ದಿನ ಬಾಯಿಬಿಟ್ಟು ಬೇಡಿದ್ದು ಪರದೇಶದ ಮದ್ಯ, ಟಕೀಲಾ.

"ಸಾವಿರಗಟ್ಟಲೆ ಮಂದಿಗೆ ಮಾಡಿ ಕೊಟ್ಟೇನಿ, ಗುರವ್ವಾ. ಹೆಂಗಿರತೈತಿ ಅಂತ ಅವರ ಮಾರಿ ನೋಡೇ ತಿಳಕೊಂಡೇನಿ. ಒಮ್ಮೆ ರುಚಿ ನೋಡಿ ಹೋಗ್ತೇನಿ."

ಶೇವಂತೆವ್ವ ಸತ್ತು ಐದು ವರ್ಷವಾಗಿತ್ತು. ಆಣೆ ಸತ್ತಿರಲಿಲ್ಲ. ಆದರೂ ಸಾಯುವವನಿಗೆ ಇಲ್ಲ ಎನ್ನಲು ಗುರವ್ವನಿಗೆ ನಾಲಿಗೆ ಏಳಲಿಲ್ಲ.

ಗೋವಾದಲ್ಲಿ ಅವನ ಜೊತೆ ಕೆಲಸಕ್ಕಿದ್ದ ಸಿಂದಗಿಯ ಜೈನುದ್ದೀನ ಬಾಟಲಿ ತಂದುಕೊಟ್ಟು ಅದೇ ಬಸ್ಸಿಗೆ ಮರಳಿದ. ಮರುದಿನ ಮಧ್ಯಾಹ್ನ ರಾಚಪ್ಪ ಪಡಸಾಲೆಯಲ್ಲಿ ದಿಂಬಿಗೆ ಒರಗಿಕೊಂಡು ಹೇಳಿಕೊಟ್ಟ.

"ಸ್ಟೀಲ್ ಗ್ಲಾಸ್ ಬ್ಯಾಡ, ಗಾಜಿಂದು ತಗೋ. ಅಂಚಿಗೆ ನಿಂಬಿಹಣ್ಣು ತಿಕ್ಕಿ ಉಪ್ಪಿನಾಗ ಅದ್ದು. ಬರ್ಫ ಹಾಕು. ಎರಡು ಬೆರಳು ಟಕೀಲಾ, ಮ್ಯಾಲೆ ಮೋಸಂಬಿ ರಸ, ಅರ್ಧ ನಿಂಬಿ, ಕಡೀಕ ಸೋಡಾ. ಭಾಳ ಕಲಸಬ್ಯಾಡ, ಸೋಡಾದ ಜೀವ ಹೋಗತೈತಿ."

ಅಷ್ಟಕ್ಕೇ ಅವನಿಗೆ ದಮ್ಮು ಹತ್ತಿತು.

ದೇವರ ಜಗಲಿಯಿದ್ದ ಅಡುಗೆಮನೆಗೆ ಆ ಬಾಟಲಿ ಒಯ್ಯುವಂತಿರಲಿಲ್ಲ. ಗುರವ್ವ ಹಿತ್ತಲಿನ ಬಚ್ಚಲಕಟ್ಟೆಯ ಮೇಲೆ ಎಲ್ಲ ಹರವಿಕೊಂಡು ಕೂತಳು. ನಿಂಬೆ ಮನೆಯ ಗಿಡದ್ದೇ. ಅಂಚಿಗೆ ಉಪ್ಪು ಹತ್ತಿತು, ಬರ್ಫ ಬಿತ್ತು. ಮುಚ್ಚಳ ತಿರುವಿದಳು. ಘಾಟು ಮೂಗಿಗೆ ಬಡಿದದ್ದೇ ತಡ, ಅತ್ತೆ ಬಾಗಿಲಲ್ಲಿ ನಿಂತಂತಾಯಿತು. ಹದಿನಾರು ವರ್ಷ ಕಾಯ್ದುಕೊಂಡು ಬಂದದ್ದನ್ನು ತಾನೇ ಕೈಯಾರೆ ಕೆಡಿಸಬೇಕೆ? ಕೊರಳಲ್ಲಿ ಲಿಂಗವಿಟ್ಟುಕೊಂಡು ಮಣ್ಣಿಗೆ ಹೋಗುವವನು ಆಣೆ ಮುರಿದವನಾಗಿ ಹೋಗಬೇಕೆ? ಮುಚ್ಚಳ ಬಿಗಿದಳು. ಟಕೀಲಾ ಬದಲು ಕೊಡದಲ್ಲಿದ್ದ ನೀರನ್ನೇ ಎರಡು ಬೆರಳು ಹಾಕಿ, ರಸ ಹಿಂಡಿ, ಸೋಡಾ ಸುರಿದಳು.

ರಾಚಪ್ಪ ಗ್ಲಾಸನ್ನು ಮೂಗಿನ ಹತ್ತಿರ ಹಿಡಿದು ಮೂಸಿದ. ಅವಳ ಮುಖ ನೋಡಿದ. ಆಮೇಲೆ ಗುಟುಕು ಗುಟುಕಾಗಿ, ನಡುನಡುವೆ ಕಣ್ಣು ಮುಚ್ಚಿ ನೋವು ನುಂಗಿಕೊಂಡು, ಪೂರಾ ಕುಡಿದ.

"ಹೆಂಗೈತ್ರಿ?"

"ಭಾಳ ಛಲೋ ಮಾಡೀದಿ" ಎಂದ. "ಗೋವಾದಾಗೂ ಹಿಂಗ ಯಾರೂ ಮಾಡಂಗಿಲ್ಲ."

ನಾಲ್ಕನೆಯ ದಿನ ಅವನು ತೀರಿಕೊಂಡ. ಹೊಲದಲ್ಲಿ ತಾಯಿಯ ಪಕ್ಕದಲ್ಲೇ ಮಣ್ಣು ಮಾಡಿದರು. ಗುರವ್ವ ಅತ್ತಳು, ಆದರೆ ಅವನ ಆಣೆ ಉಳಿಸಿ ಕಳಿಸಿದೆನಲ್ಲ ಎಂಬ ಸಮಾಧಾನವೊಂದು ಒಳಗಿತ್ತು.

ಸಾವು ತಿಳಿದು ಮಾತಾಡಿಸಲು ಬಂದ ಜೈನುದ್ದೀನನ ಮುಂದೆ ಅವಳು ಬಾಟಲಿ ತಂದಿಟ್ಟಳು. ಅವನು ಎತ್ತಿ ನೋಡಿದ. ಕಂಠದವರೆಗೂ ತುಂಬಿತ್ತು.

"ಮಾಡಿ ಕೊಡಲಿಲ್ಲೇನ್ರಿ ಅತ್ತಿಗಿ?"

"ನೀರು ಹಾಕಿ ಕೊಟ್ಟೇನ್ರಿ ಅಣ್ಣಾರ, ಆಣಿ ಉಳೀಲಿ ಅಂತ. ಪಾಪ, ಅವರಿಗೆ ಗೊತ್ತಾಗಲಿಲ್ಲ."

ಜೈನುದ್ದೀನ ತಲೆ ತಗ್ಗಿಸಿದ. ಹೇಳಬಾರದಿತ್ತು, ಬಾಯಿ ತಡೆಯಲಿಲ್ಲ.

"ಹದಿನಾರು ವರ್ಸ ನಾಲಿಗಿ ಹಚ್ಚದ, ಬರೇ ವಾಸನಿ ಮ್ಯಾಲೆ ಕೆಲಸ ಮಾಡಿದಾಂವರಿ ಅಂವ. ಹನಿ ಕಡಿಮಿ ಬಿದ್ರೂ ಗ್ಲಾಸು ಮೂಸಿ ವಾಪಸ್ ಕಳಸತಿದ್ದ."

ಗುರವ್ವ ಬಾಟಲಿಯ ಮುಚ್ಚಳ ತೆಗೆದು ಮೂಸಿದಳು. ಗ್ಲಾಸಿನ ಮೇಲಿಂದ ಅವನು ತನ್ನ ಮುಖ ನೋಡಿದ್ದು ಕಣ್ಣಿಗೆ ಕಟ್ಟಿತು. ಎರಡು ಚಮಚ ಗಂಜಿ ಇಳಿಯದ ಗಂಟಲಲ್ಲಿ ಆ ನೀರನ್ನು ಅವನು ತಳ ಕಾಣುವ ತನಕ ಕುಡಿದಿದ್ದ.