ಐದು ಗಂಟೆಗೆ ಹುಟ್ಟಿದ ಮಗು

ಹುಡುಗರಾ, ಹರಿಹರದ ಕುಸ್ತಿಯಲ್ಲಿ ಹದಡಿಯ ಮಾಲತೇಶ್ ಸತ್ತದ್ದು ಹೇಗೆ ಎಂದು ಗರಡಿಯ ಗ್ರೂಪಿನಲ್ಲಿ ದಿನಾ ಕೇಳುತ್ತೀರಿ. ಫೋನಿನಲ್ಲಿ ಬರೆಯಲು ನನಗೆ ಬರುವುದಿಲ್ಲ, ಬಾಯಲ್ಲೇ ಹೇಳುತ್ತೇನೆ. ಉದ್ದವಾಯಿತು ಎಂದು ಗೊಣಗಬೇಡಿ. ಮುಂದಿನ ಎರಡು ಹಲ್ಲು ಹೋಗಿವೆ, ಮಾತಿನಲ್ಲಿ ಗಾಳಿ ಸೋರುತ್ತದೆ, ಸಹಿಸಿಕೊಳ್ಳಿ.

ಈ ಕರಿಯಣ್ಣ ಐವತ್ತೆರಡು ವರ್ಷ ದಾವಣಗೆರೆಯ ಗರಡಿಯಲ್ಲಿ ಮಣ್ಣು ಕಲಸಿದವನು. ಮದುವೆಯಾಗಲಿಲ್ಲ. ಮಕ್ಕಳಿಲ್ಲ. ಸಾಯುವುದಕ್ಕೆ ಹೆದರುವವನು ಕಣಕ್ಕೆ ಇಳಿಯಬಾರದು ಎಂದು ಸಾವಿರ ಹುಡುಗರಿಗೆ ಹೇಳಿಕೊಟ್ಟಿದ್ದೇನೆ. ಎಪ್ಪತ್ತಾರು ದಾಟಿತು, ಇವತ್ತು ರಾತ್ರಿ ಮಲಗಿ ನಾಳೆ ಏಳದಿದ್ದರೂ ನನಗೇನೂ ಇಲ್ಲ ಎಂದು ನಾನೇ ನಂಬಿದ್ದೆ. ಒಂದೇ ಒಂದು ಆಸೆ ಉಳಿದಿತ್ತು. ನನ್ನ ಶಿಷ್ಯನೊಬ್ಬ ರಾಜ್ಯದ ತಂಡಕ್ಕೆ ಹೋಗಬೇಕು, ನಾನು ಸತ್ತ ಮೇಲೆ ನನ್ನ ಹೆಸರು ಹೇಳುವ ಒಂದು ಬಾಯಿ ಇರಬೇಕು. ಆ ಬಾಯಿ ಭಾನುವಳ್ಳಿಯ ಗುರುಮೂರ್ತಿಯದು. ಇಪ್ಪತ್ತನಾಲ್ಕು ವರ್ಷ, ತೊಂಬತ್ತೆರಡು ಕೆಜಿ. ಹರಿಹರದಲ್ಲಿ ಆ ಭಾನುವಾರ ಗೆದ್ದವನಿಗೆ ತಂಡದಲ್ಲಿ ಜಾಗ. ಎದುರಾಳಿ ಮಾಲತೇಶ್.

ಗರಡಿಯಲ್ಲಿ ಒಂದು ಕಟ್ಟಳೆ ಇದೆ. ಮನೆಯಲ್ಲಿ ಯಾರಾದರೂ ಸತ್ತರೆ ಸೂತಕ, ಮಗು ಹುಟ್ಟಿದರೆ ಪುರುಡು. ಎರಡಕ್ಕೂ ಹನ್ನೊಂದು ದಿನ. ಅಷ್ಟು ದಿನ ಆ ಮನೆಯ ಗಂಡಸು ಗರಡಿಯ ಮಣ್ಣು ಮುಟ್ಟುವಂತಿಲ್ಲ. ಸಾವಿಗಾದರೆ ಸರಿ, ಹುಟ್ಟಿದ್ದಕ್ಕೆ ಯಾಕೆ ಮೈಲಿಗೆ ಎಂದು ಹುಡುಗನಾಗಿದ್ದಾಗ ಕೇಳಿ ನನ್ನ ಉಸ್ತಾದರಿಂದ ಕೆನ್ನೆಗೆ ತಿಂದಿದ್ದೆ. ಉತ್ತರ ಸಿಗಲಿಲ್ಲ, ಕೆನ್ನೆ ಮಾತ್ರ ಊದಿತು.

ಭಾನುವಾರ ಬೆಳಿಗ್ಗೆ ಏಳಕ್ಕೆ ಹರಿಹರದ ಆಸ್ಪತ್ರೆಯಿಂದ ಗುರುಮೂರ್ತಿಯ ತಾಯಿ ದುರುಗಮ್ಮ ಫೋನು ಮಾಡಿದಳು.

“ಅಣ್ಣಾ, ನಮ್ಮ ಸೊಸಿ ಸುಷ್ಮಾ ಹಡದ್ಲು. ಹೆಣ್ಣು ಕೂಸು. ಹದಿನೈದು ದಿನ ಮುಂಚೇನೇ ಬಂದುಬಿಟ್ಟೈತೆ. ಇವನ ಕುಸ್ತಿ ಹೆಂಗೆ ಈಗ?”

“ಯಾರ್ಯಾರಿಗೆ ಹೇಳೀಯವ್ವ?”

“ನಿನಗೇ ಮೊದ್ಲು.”

“ನನಗೇ ಕೊನಿ. ಸಂಜಿ ಐದಕ್ಕೆ ಹುಟ್ತು ಅಂತ ಎಲ್ಲಾರಿಗೂ ಹೇಳು, ಅಷ್ಟೊತ್ತಿಗೆ ಕುಸ್ತಿ ಮುಗಿದಿರ್ತೈತೆ.”

“ಅಯ್ಯ, ಅದು ಆಗ್ಲೇ ಅಳಾಕತ್ತೈತಲ್ಲೋ! ಐದರ ತನಕ ಬಾಯಿ ಮುಚ್ಚಲಾ?”

“ಅದರ ಬಾಯಲ್ಲ, ನಿನ್ನ ಬಾಯಿ ಮುಚ್ಚು.”

ಇಬ್ಬರೂ ನಕ್ಕೆವು. ಸಾವನ್ನು ಒಂದು ಗಳಿಗೆ ಹಿಂದೆ ಮುಂದೆ ಮಾಡಲು ಯಾರಿಗೂ ಆಗದು. ಹುಟ್ಟನ್ನು ನಾನು ಚಹಾ ಕುಡಿಯುತ್ತಲೇ ಹತ್ತು ಗಂಟೆ ಮುಂದಕ್ಕೆ ಹಾಕಿದ್ದೆ.

ಮಧ್ಯಾಹ್ನ ಗುರುಮೂರ್ತಿ ಆಸ್ಪತ್ರೆಯಿಂದ ನೇರವಾಗಿ ಕಣದ ಹತ್ತಿರ ಬಂದ. ಮುಖ ನೋಡಿದೆ. ಅದು ಕುಸ್ತಿಗೆ ಬಂದವನ ಮುಖವಲ್ಲ. ಅಂಗೈ ನೋಡಿಕೊಳ್ಳುತ್ತಾ ಕೂತ.

“ಉಸ್ತಾದ್ರೇ, ಅದರ ನೆತ್ತಿ ಮ್ಯಾಲೆ ಎಲುಬೇ ಇಲ್ರಿ. ಬರೀ ತೊಗಲು. ಒಳಗೆ ಟುಕು ಟುಕು ಬಡ್ಕಂತೈತೆ.”

“ಎಲ್ಲಾ ಕೂಸಿಗೂ ಹಂಗೇ.”

“ಒಂದು ಬೆರಳು ಜೋರಾಗಿ ಇಟ್ರೆ ಹೋತು.”

“ಮತ್ತೆ ಇಡಬ್ಯಾಡ. ಏಳು, ಲಂಗೋಟಿ ಬಿಗಿ.”

“ಇವತ್ತು ಬ್ಯಾಡ್ರಿ. ಒಂಥರಾ ಆಗಾಕತ್ತೈತೆ.”

ಕಪಾಳಕ್ಕೆ ಬಾರಿಸಿದೆ. “ಹಡದಾಕಿ ನಿನ್ನ ಹೆಂಡ್ತಿ, ಬಾಣಂತಿ ನಡುಕ ನಿನಗ್ಯಾಕೋ?” ಎಂದೆ. ಸುತ್ತ ಇದ್ದವರಿಗೆ ಕೇಳದ ಹಾಗೆ ಕಿವಿಯಲ್ಲಿ ಹೇಳಿದೆ. ಅವನು ಎದ್ದ.

ನಾಲ್ಕೂವರೆಗೆ ಜೋಡಿ ಬಿಟ್ಟರು. ಮಾಲತೇಶ್ ಒಳ್ಳೆಯ ಹುಡುಗ, ಈಗಲೂ ಹೇಳುತ್ತೇನೆ. ಅವನ ಪಟ್ಟುಗಳಲ್ಲಿ ಮೋಸ ಇರಲಿಲ್ಲ. ಕಾಲು ಗಂಟೆ ಕಳೆದ ಮೇಲೆ ಗುರುಮೂರ್ತಿಯ ಬೆನ್ನಿಗೆ ಬಂದು ಕುತ್ತಿಗೆಗೆ ತೋಳು ಹಾಕಿ ಬಿಗಿದ. ಗುರುಮೂರ್ತಿ ಆ ಪಟ್ಟಿನಲ್ಲಿ ನೂರು ಸಲ ಸಿಕ್ಕಿದ್ದಾನೆ. ಬಿಡಿಸಿಕೊಳ್ಳಲು ಆಗದಿದ್ದರೆ ಅಂಗೈಯಲ್ಲಿ ಎರಡು ಸಲ ಮಣ್ಣು ಬಡಿದರೆ ಮುಗಿಯಿತು, ಸೋಲು, ಮನೆಗೆ ಹೋಗಿ ಊಟ. ಅವನು ಬಡಿಯಲಿಲ್ಲ. ಕಣ್ಣುಗುಡ್ಡೆ ಹೊರಗೆ ಬಂದವು. ಆ ಕಣ್ಣಲ್ಲಿ ಸೋಲುತ್ತೇನೆ ಎನ್ನುವುದು ಇರಲಿಲ್ಲ, ಸಾಯುತ್ತೇನೆ ಎನ್ನುವುದಿತ್ತು. ಕಣದಲ್ಲಿ ಆ ಎರಡೂ ಬೇರೆ ಬೇರೆ.

ಮಾಲತೇಶನ ಮುಂಗೈ ಕಚ್ಚಿದ. ಸುಮ್ಮನೆ ಕಚ್ಚಿದ್ದಲ್ಲ, ಮಾಂಸ ಬಾಯಿಗೆ ಬಂತು. ಮಾಲತೇಶ್ ಕಿರುಚಿ ಕೈ ಸಡಿಲಿಸಿದ. ಇವನು ತಿರುಗಿ ಸೊಂಟ ಹಿಡಿದು ಎತ್ತಿ, ಮಣ್ಣಿನ ಮೇಲಲ್ಲ, ಕಣದ ಅಂಚಿನ ಕಲ್ಲಿಗೆ ತಲೆಕೆಳಗಾಗಿ ಕುಟ್ಟಿದ. ತೆಂಗಿನಕಾಯಿ ಒಡೆದರೂ ಅಷ್ಟು ಸದ್ದು ಆಗದು. ಮಾಲತೇಶನ ಕಾಲು ಎರಡು ಸಲ ಒದ್ದುಕೊಂಡು ನಿಂತವು. ಇವನು ಬಿಡಲಿಲ್ಲ. ಎದೆಯ ಮೇಲೆ ಕೂತು ಮೊಣಕೈಯಿಂದ ಮುಖಕ್ಕೆ ಹೊಡೆದ, ಹೊಡೆದ, ಮೂಗು ಎಲ್ಲಿ ಬಾಯಿ ಎಲ್ಲಿ ಎಂದು ತಿಳಿಯದ ಹಾಗೆ ಹೊಡೆದ. ನಾನು ಅವನ ಕೂದಲು ಹಿಡಿದು ಎಳೆದೆ, ನನ್ನನ್ನೂ ಒದ್ದ. ನಾಲ್ಕು ಜನ ಸೇರಿ ಎಳೆದರು.

“ಸತ್ತಾನೋ! ಸತ್ತೋನ್ನ ಯಾಕೋ ಹೊಡೀತಿ?” ಎಂದು ಕೂಗಿದ್ದು ಹದಡಿಯ ಉಸ್ತಾದ ಶಿವಯೋಗಪ್ಪ.

ಹದಡಿಯವರು ಚಪ್ಪರದ ಬಿದಿರು ಗಳ ಕಿತ್ತುಕೊಂಡು ಬಂದರು. ನಾನು ಗುರುಮೂರ್ತಿಯ ಮುಂದೆ ನಿಂತೆ. “ಆಟದಾಗೆ ಆದ್ದು, ಯಾರೂ ಬೇಕಂತ ಮಾಡಿಲ್ಲ” ಎಂದು ಒದರಿದೆ. ಶಿವಯೋಗಪ್ಪನೂ ಹಳೆಯ ಪೈಲ್ವಾನ, ಕೈ ಎತ್ತಿ ತನ್ನ ಜನರನ್ನು ತಡೆದ. ಅಷ್ಟರಲ್ಲಿ ಎಳೆದಾಟದಲ್ಲಿ ಬಿದ್ದಿದ್ದ ನನ್ನ ಫೋನು ಮಣ್ಣಿನಲ್ಲಿ ರಿಂಗಾಯಿತು. ಶಿವಯೋಗಪ್ಪ ಎತ್ತಿ ಒತ್ತಿದ. ನನ್ನ ಕಿವಿ ಮಂದ, ಸ್ಪೀಕರ್ ಯಾವಾಗಲೂ ಜೋರು.

“ಅಣ್ಣಾ, ಐದು ಹೊಡೀತು ನೋಡು!” ದುರುಗಮ್ಮನ ನಗು ಇಡೀ ಕಣಕ್ಕೆ ಕೇಳಿತು. “ಈಗ ಹುಟ್ಟಿಸ್ಲಾ ನಮ್ಮ ಮೊಮ್ಮಗಳ್ನ? ಮುಂಜಾನಿಂದ ಬಾಯಿ ಬಿಗಿ ಹಿಡ್ದು ಸಾಕಾತು. ಪೇಡೆ ಹಂಚಲಾ?”

ಕಣದವರೆಲ್ಲ ನನ್ನ ಕಡೆ ತಿರುಗಿದರು.

“ಪುರುಡಿನಾಗೆ ಇಳಿಸಿದ್ಯೇನಲೇ, ಕರಿಯಾ?” ಎಂದ ಶಿವಯೋಗಪ್ಪ. ಅದೇ ಫೋನಿನಿಂದ ನನ್ನ ಬಾಯಿಗೆ ಗುದ್ದಿದ. ಹಲ್ಲು ಹೋದದ್ದು ಆಗ. ಆಮೇಲೆ ಯಾರು ಯಾರನ್ನೂ ತಡೆಯಲಿಲ್ಲ. ಪೊಲೀಸರು ಬರುವಷ್ಟರಲ್ಲಿ ಗುರುಮೂರ್ತಿಯ ಎಡಗೈ ಎರಡು ಕಡೆ ಮುರಿದಿತ್ತು, ನನ್ನ ಪಕ್ಕೆಲುಬು ಒಂದು.

ಹಾಸಿಗೆಯಲ್ಲಿ ಬಿದ್ದುಕೊಂಡು ಕಟ್ಟಳೆಗೆ ಉತ್ತರ ಹುಡುಕಿದೆ. ಸಿಕ್ಕಿತು ಎಂದುಕೊಂಡೆ. ಮಗು ಹುಟ್ಟಿದರೆ ಮೈಲಿಗೆ ಯಾಕೆಂದರೆ, ಆವತ್ತು ಗಂಡಸಿಗೆ ತಾನೂ ಒಂದು ದಿನ ಇಲ್ಲವಾಗುವವನು ಎಂದು ಮೊದಲ ಸಲ ಗೊತ್ತಾಗುತ್ತದೆ. ಬರುವುದನ್ನು ಕಣ್ಣಾರೆ ಕಂಡವನಿಗೆ ಹೋಗುವುದೂ ಕಾಣುತ್ತದೆ. ಹೊಸದಾಗಿ ಹೆದರಿದ ಪ್ರಾಣಿ ಅವನು, ಅಂಥವನ ಕೈಗೆ ಇನ್ನೊಬ್ಬನ ಕುತ್ತಿಗೆ ಕೊಡಬಾರದು. ಹನ್ನೊಂದು ದಿನದಲ್ಲಿ ಆ ಹೆದರಿಕೆ ಹಳತಾಗುತ್ತದೆ. ಎಂಥ ಹಿರಿಯರು, ಎಂಥ ತಿಳಿವಳಿಕೆ! ನೋಡಲು ಬಂದವರಿಗೆಲ್ಲ ಇದನ್ನೇ ಹೇಳಿದೆ. ನನಗೆ ಹೆಂಡತಿಯಿಲ್ಲ, ಮಕ್ಕಳಿಲ್ಲ, ಆ ಹೆದರಿಕೆ ನನಗೆ ಅಂಟಿಲ್ಲ, ಅದಕ್ಕೇ ತಿಳಿಯಲಿಲ್ಲ ಎಂದೂ ಹೇಳಿದೆ. ಹೌದೆಂದು ತಲೆಯಾಡಿಸಿದರು. ನನಗೂ ಒಂದಿಷ್ಟು ಸಮಾಧಾನವಾಯಿತು, ಸುಳ್ಳು ಹೇಳುವುದಿಲ್ಲ.

ಹತ್ತನೇ ದಿನ ಗುರುಮೂರ್ತಿಗೆ ಜಾಮೀನು ಸಿಕ್ಕಿತು. ಮಾಲತೇಶನ ತಾಯಿ ಮೈಲಮ್ಮನಿಂದ ಒಂದು ಮಾತು ಬಂತು: “ನಿಮ್ಮ ಪುರುಡು ಕಳೀಲಿ, ನಮ್ಮ ಸೂತಕ ಕಳೀಲಿ. ಹನ್ನೆರಡನೇ ದಿನ ಇಬ್ರೂ ನನ್ನ ಮನಿಗೆ ಬರ್ರಿ.” ವಕೀಲರು ಬೇಡ ಎಂದರು. ಹೋದೆವು.

ಹದಡಿಯಲ್ಲಿ ಮಟಮಟ ಮಧ್ಯಾಹ್ನ. ಮೈಲಮ್ಮ ಒಣಗಿದ ಕಡ್ಡಿಯಂಥ ಹೆಂಗಸು, ಅರವತ್ತರ ಹತ್ತಿರ. ಜನರನ್ನೆಲ್ಲ ಬೀದಿಗೆ ಕಳಿಸಿ ಅಂಗಳದಲ್ಲಿ ಒಬ್ಬಳೇ ನಿಂತಿದ್ದಳು. ಗುರುಮೂರ್ತಿ ಹೋದವನೇ ಮಂಡಿಯೂರಿ ತಲೆ ಬಗ್ಗಿಸಿದ. ಹೊಡೆದು ಕೊಂದರೂ ಏಳುವುದಿಲ್ಲ ಎಂದು ದಾರಿಯಲ್ಲೇ ಹೇಳಿದ್ದ. ಅವಳು ಗೋಡೆಗೆ ಒರಗಿಸಿದ್ದ ಒನಕೆ ತೆಗೆದುಕೊಂಡಳು. ಅವನನ್ನು ದಾಟಿ ನನ್ನ ಮುಂದೆ ಬಂದಳು.

“ಅವನು ಬ್ಯಾಡ ಅಂದಿದ್ನಂತೆ. ಪೊಲೀಸ್ರ ಮುಂದೆ ಹೇಳ್ಯಾನೆ. ಹೌದೇನಲೇ, ಮುದುಕಾ?”

“ಹೌದವ್ವ.”

“ನೀನು ಬಡ್ದು ಇಳಿಸಿದ್ಯಂತೆ.”

“ಹೌದವ್ವ. ಹೊಡೀ. ನನಗೆ ಸಾಯಾಕ ಹೆದ್ರಿಕಿ ಇಲ್ಲ.”

ನಿಜವಾಗಿ ಹಾಗೇ ಅಂದುಕೊಂಡೇ ಹೇಳಿದೆ. ಒನಕೆ ಮೇಲೆದ್ದಿತು. ಅದರ ತುದಿಯ ಕಬ್ಬಿಣದ ಬಳೆ ಬಿಸಿಲಿಗೆ ಹೊಳೆಯಿತು. ಅಷ್ಟು ನೆನಪಿದೆ. ಮುಂದಿನದು ನೆನಪಿಲ್ಲ.

ಎಚ್ಚರ ಬಂದಾಗ ನಾನು ಅವಳ ಮೇಲೆ ಕೂತಿದ್ದೆ. ಒನಕೆ ದೂರ ಬಿದ್ದಿತ್ತು. ನನ್ನ ಎರಡೂ ಹೆಬ್ಬೆರಳು ಅವಳ ಗಂಟಲ ಗುಳಿಯಲ್ಲಿದ್ದವು, ಐವತ್ತೆರಡು ವರ್ಷ ಕಲಿಸಿದ ಪಟ್ಟು, ಒಂದಿಷ್ಟೂ ತಪ್ಪಿಲ್ಲ. ಅವಳ ನಾಲಿಗೆ ಹೊರಗೆ ಬಂದಿತ್ತು. ನನ್ನ ಬಾಯಿಂದ ಜೊಲ್ಲು ಸುರಿಯುತ್ತಿತ್ತು, ಪಂಚೆ ಒದ್ದೆಯಾಗಿತ್ತು. ಗುರುಮೂರ್ತಿ ಒಂದೇ ಕೈಯಲ್ಲಿ ನನ್ನ ಅಂಗಿಯ ಕೊರಳಪಟ್ಟಿ ಹಿಡಿದು ಹಿಂದಕ್ಕೆ ಎಳೆಯುತ್ತಿದ್ದ.

“ಬಿಡ್ರೀ ಉಸ್ತಾದ್ರೇ! ಸಾಯ್ತಾಳ್ರೀ, ಬಿಡ್ರೀ!”

ಬಿಟ್ಟೆ. ಬಿಡಲು ಬೆರಳು ಒಪ್ಪಲಿಲ್ಲ, ಅವನೇ ಒಂದೊಂದಾಗಿ ಬಿಡಿಸಿದ.

ಮೈಲಮ್ಮ ಮಗ್ಗುಲಾಗಿ ಹೊರಳಿ ಕೆಮ್ಮಿದಳು, ರಕ್ತ ಉಗಿದಳು. ಎದ್ದು ಕೂತು ಕೂದಲು ಕಟ್ಟಿಕೊಂಡಳು. ನನ್ನ ಒದ್ದೆ ಪಂಚೆ ನೋಡಿದಳು, ಮುಖ ನೋಡಿದಳು. ಹನ್ನೆರಡು ದಿನ ನಾನು ಊರಿಗೆಲ್ಲ ಹೇಳಿದ ಪುರುಡಿನ ಹೆದರಿಕೆಯ ಮಾತು ಅವಳಿಗೂ ಮುಟ್ಟಿತ್ತು ಅಂತ ಕಾಣುತ್ತದೆ.

“ನಿನಗ್ಯಾವ ಕೂಸು ಹುಟ್ಟಿತ್ತಲೇ ಇವತ್ತು?” ಎಂದಳು.

“ಯಾವುದೂ ಇಲ್ಲವ್ವ” ಎಂದೆ.